ಸಿಳ್ಳಾರ ಹಕ್ಕಿಯೂ ಸೋಲಿಗರ ಹಕ್ಕೂ

ಮೇಷ್ಟರಾಗಿದ್ದ ಕಾಲದಲ್ಲಿ, ಪಾಠದ ನಡುವೆ ಸಿಳ್ಳೆ ಹಾಕಿದ ಹುಡುಗರನ್ನು ಬೆಂಚಿನ ಮೇಲೆ ನಿಲ್ಲಿಸಿದವನು ನಾನು. ಆದರೆ ನಮ್ಮ ಹೊನ್ನೂರಿಗೆ ಸಮೀಪದ ಬಿಳಿಗಿರಿರಂಗನ ಬೆಟ್ಟದಲ್ಲಿ ಯಾವ ಬೆತ್ತಕ್ಕೂ ಅಂಜದೆ ಸಿಳ್ಳೆ ಹಾಕುವ ಹಕ್ಕಿಯೊಂದಿದೆ. ಅದೇ ಸಿಳ್ಳಾರ. ಬೆಳಗಿನ ಜಾವದಲ್ಲಿ ಅದರ ದನಿ, ಪೋಲಿ ಹುಡುಗನೊಬ್ಬ ಮರೆತ ಹಾಡನ್ನು ನೆನಪು ಮಾಡಿಕೊಳ್ಳುತ್ತಾ ಹೋಗುವಂತೆ ಕೇಳುತ್ತದೆ. ಇಂಗ್ಲಿಷರು ಅದಕ್ಕೆ ‘ಸಿಳ್ಳೆ ಹಾಕುವ ಶಾಲಾ ಬಾಲಕ’ ಎಂದೇ ಹೆಸರಿಟ್ಟರು.

ಗೊರವಂಕಕ್ಕಿಂತ ತುಸು ದೊಡ್ಡದು; ಕಪ್ಪು ಮೈ, ಹಣೆಯಲ್ಲೂ ಹೆಗಲಲ್ಲೂ ಮಿಂಚುವ ನೀಲಿ. ಹಳ್ಳದ ದಂಡೆಯ ಬಂಡೆಯ ಸಂದಿನಲ್ಲಿ ಗೂಡು. ಏಡಿ, ಬಸವನಹುಳು, ಕಪ್ಪೆ, ಕಾಡಿನ ಹಣ್ಣು ಇದರ ಊಟ. ನೆರಳೂ ಹರಿಯುವ ನೀರೂ ಇಲ್ಲದೆ ಇದರ ಸಂಸಾರ ಸಾಗದು.

ಹಕ್ಕಿಯ ಮಾತು ನಮಗೇಕೆ ಎಂದು ಗಿರಣಿಯ ಕೆಲಸಗಾರರೂ ಅಂಗಡಿಯವರೂ ಕೇಳಬಹುದು. ಬೆಟ್ಟದ ಹಳ್ಳಗಳ ನೀರನ್ನು ಕೂಡಿಸಿಕೊಂಡ ಸುವರ್ಣಾವತಿಯೇ ಯಳಂದೂರಿನ ಮಗ್ಗುಲಲ್ಲಿ ಹರಿದು ಕಾವೇರಿಯನ್ನು ಸೇರುತ್ತದೆ. ಗದ್ದೆ ಒಣಗಿದ ವರ್ಷ ಅಂಗಡಿಯ ಸಾಲದ ಪುಸ್ತಕ ದಪ್ಪವಾಗುವುದನ್ನು ನಾವೆಲ್ಲ ಬಲ್ಲೆವು. ಸಿಳ್ಳಾರಕ್ಕೆ ಬೇಕಾದ ಹಳ್ಳವೇ ನಮಗೂ ಬೇಕು.

ಆ ಹಳ್ಳಗಳ ಮೂಲದ ಕಾಡನ್ನು ತಲೆತಲಾಂತರದಿಂದ ಬಲ್ಲವರು ಸೋಲಿಗರು. 1974ರಲ್ಲಿ ಬೆಟ್ಟ ವನ್ಯಜೀವಿಧಾಮವಾಯಿತು. ಸೋಲಿಗರನ್ನು ಕಾಡೊಳಗಿನ ಪೋಡುಗಳಿಂದ ಎಬ್ಬಿಸಲಾಯಿತು. ಒಣಗಿದ ಎಲೆ ಮಾತ್ರ ಸುಡುವಂತೆ ಅವರು ಹಾಕುತ್ತಿದ್ದ ‘ತರಗು ಬೆಂಕಿ’ಯೂ ನಿಂತಿತು. ಅದು ನಿಂತ ಮೇಲೆಯೇ ಲಾಂಟಾನ ಕಾಡನ್ನು ನುಂಗಿತೆನ್ನುತ್ತಾರೆ ಅವರ ಹಿರಿಯರು. ಓದಿದವರು ಈ ಮಾತಿಗೆ ಕಿವಿಗೊಡಲು ಎಷ್ಟು ತಡಮಾಡಿದರು!

2006ರಲ್ಲಿ ಅರಣ್ಯ ಹಕ್ಕು ಕಾಯಿದೆ ಬಂತು. 2011ರಲ್ಲಿ ಬೆಟ್ಟ ಹುಲಿ ಸಂರಕ್ಷಿತ ಪ್ರದೇಶವಾಯಿತು. ಅದೇ ವರ್ಷ ಸೋಲಿಗರ ಸಮುದಾಯ ಹಕ್ಕಿಗೂ ಮನ್ನಣೆ ದೊರೆಯಿತು. ಹುಲಿಗಾಗಿ ಕಾದಿಟ್ಟ ಕಾಡಿನಲ್ಲಿ ಇಂಥ ಹಕ್ಕು ದೊರೆತದ್ದು ದೇಶದಲ್ಲೇ ಮೊದಲು. ಸಂತೋಷ. ಆದರೆ ಕಾಗದದ ಹಕ್ಕು ಹೊಟ್ಟೆ ತುಂಬಿಸುವುದಿಲ್ಲ, ಕಾಡನ್ನೂ ಕಾಯುವುದಿಲ್ಲ. ಲಾಂಟಾನ ಎಲ್ಲಿ ಕೀಳಬೇಕು, ಜೇನು ಯಾವಾಗ ಕೊಯ್ಯಬೇಕು, ಬೆಂಕಿ ಹಾಕಬೇಕೇ ಬೇಡವೇ ಎಂಬ ತೀರ್ಮಾನದಲ್ಲಿ ಸೋಲಿಗರ ಗ್ರಾಮಸಭೆಯ ಮಾತು ನಡೆಯಬೇಕು.

ರಂಗಪ್ಪ ತಮ್ಮ ಮನೆಯ ಹೆಣ್ಣು ಕುಸುಮಾಲೆಯನ್ನು ಮದುವೆಯಾದನೆಂದು ಸೋಲಿಗರು ಆತನನ್ನು ಭಾವ ಎನ್ನುತ್ತಾರೆ. ನಾವು ಜಾತ್ರೆಗೆ ಹೋಗಿ ಭಾವನಿಗೆ ಕೈಮುಗಿದು ಬರುತ್ತೇವೆ. ಭಾವಮೈದುನನನ್ನು ಮಾತ್ರ ಅವನದೇ ಕಾಡಿನ ಬಾಗಿಲಲ್ಲಿ ನಿಲ್ಲಿಸುವುದು ಯಾವ ನ್ಯಾಯ?

ಮುಂದಿನ ಸಲ ಬೆಟ್ಟಕ್ಕೆ ಹೋದಾಗ ಹಳ್ಳದ ಬಳಿ ಒಂದು ಗಳಿಗೆ ಸುಮ್ಮನೆ ನಿಲ್ಲಿ. ಸಿಳ್ಳೆ ಕೇಳಿಸಿದರೆ, ನೀರಿನ್ನೂ ಹರಿಯುತ್ತಿದೆ ಎಂದು ತಿಳಿಯಿರಿ. ಆ ನೀರನ್ನು ಕಾದವರ ಪರವಾಗಿ ಊರಿಗೆ ಬಂದು ಒಂದು ಮಾತಾಡಿ.