ಕೋರ್ಟಿನ ಕಾಗದವನ್ನು ಓದುವವರು ಯಾರು?

ಬದಿಯಡ್ಕದಿಂದ ಒಳಗೆ, ಡಾಮರು ಮುಗಿದು ಮಣ್ಣಿನ ದಾರಿ ಹಿಡಿಯುವಲ್ಲಿ ಒಂದು ಮನೆಯನ್ನು ಊಹಿಸಿಕೊಳ್ಳೋಣ. ಅಂಗಳದಲ್ಲಿ ಅಡಿಕೆ ಒಣಗುತ್ತಿದೆ. ಮಗ, ಸೊಸೆ ಕೆಲಸಕ್ಕೆ ಹೋಗಿದ್ದಾರೆ. ಮನೆಯಲ್ಲಿರುವವರು ಅಜ್ಜಿ ಮತ್ತು ಕನ್ನಡ ಮಾಧ್ಯಮ ಶಾಲೆಯ ಏಳನೆಯ ತರಗತಿಯಲ್ಲಿ ಓದುವ ಮೊಮ್ಮಗ. ಕೋರ್ಟಿನ ಅಮೀನ ಬಂದು ಹೆಸರು ಕೇಳುತ್ತಾನೆ, ಬೆರಳಿಟ್ಟು ತೋರಿಸಿದಲ್ಲಿ ಅಜ್ಜಿ ಕನ್ನಡದಲ್ಲಿ ನಿಧಾನವಾಗಿ ರುಜು ಹಾಕುತ್ತಾರೆ, ನಾಲ್ಕಾರು ಹಾಳೆಗಳನ್ನು ಕೊಟ್ಟು ಅವನು ಹೊರಟುಹೋಗುತ್ತಾನೆ. ಶಾಲೆಯಲ್ಲಿ ಅಷ್ಟಿಷ್ಟು ಮಲೆಯಾಳ ಕಲಿತ ಹುಡುಗ ಅಕ್ಷರ ಕೂಡಿಸಿ ಓದುತ್ತಾನೆ. ಅಜ್ಜಿಯ ಹೆಸರಿನ ಪಕ್ಕದಲ್ಲಿ ‘ಒನ್ನಾಂ ಪ್ರತಿ’ ಎಂದಿದೆ.

‘ಅಜ್ಜೀ, ಇದು ಮೊದಲನೆಯ ಪ್ರತಿಯಂತೆ’ ಎನ್ನುತ್ತಾನೆ.

ನಕಲು ಬಂದಿದೆ, ಅಸಲು ಹಿಂದಿನಿಂದ ಬರಬಹುದು ಎಂದುಕೊಂಡು ಅಜ್ಜಿ ಆ ಹಾಳೆಗಳನ್ನು ರೇಷನ್ ಕಾರ್ಡಿನ ಜೊತೆಗೆ ಕಪಾಟಿನಲ್ಲಿಡುತ್ತಾರೆ.

ಹುಡುಗ ಓದಿದ್ದರಲ್ಲಿ ಒಂದಕ್ಷರವೂ ತಪ್ಪಿಲ್ಲ. ಆದರೆ ನ್ಯಾಯಾಲಯದ ಮಲೆಯಾಳದಲ್ಲಿ ‘ಪ್ರತಿ’ ಎಂದರೆ ನಕಲಲ್ಲ. ಸಿವಿಲ್ ದಾವೆಯಲ್ಲಿ ಪ್ರತಿವಾದಿ, ಕ್ರಿಮಿನಲ್ ಮೊಕದ್ದಮೆಯಲ್ಲಿ ಆರೋಪಿ. ಸಂಸ್ಕೃತದಿಂದ ಎರಡು ಭಾಷೆಗಳಿಗೂ ಬಂದ ಮಾತುಗಳು ಬೇರೆ ಬೇರೆ ಹಾದಿ ಹಿಡಿದಿರುವುದರಿಂದ ಗಡಿನಾಡಿನ ಕನ್ನಡಿಗನಿಗೆ ಇಲ್ಲಿ ಗೊತ್ತಿಲ್ಲದ ಪದಕ್ಕಿಂತ ಗೊತ್ತಿರುವ ಪದದಿಂದಲೇ ಅಪಾಯ ಹೆಚ್ಚು. ‘ಅನ್ಯಾಯ’ವೆಂದರೆ ಅಲ್ಲಿ ವಾದಪತ್ರ, ಅದನ್ನು ಸಲ್ಲಿಸಿದವನು ‘ಅನ್ಯಾಯಕ್ಕಾರನ್’. ನೆರೆಮನೆಯವನನ್ನು ಕೋರ್ಟೇ ಅನ್ಯಾಯಗಾರನೆಂದು ಕರೆದಿದೆ ಎಂದು ಸಂತೋಷಪಡುವಂತಿಲ್ಲ. ‘ವಿಧಿ’ ಎಂದರೆ ತೀರ್ಪು. ‘ಅಪೇಕ್ಷೆ’ ಬರಿಯ ಆಸೆಯಲ್ಲ, ಅರ್ಜಿ. ‘ಅವಧಿ’ಗೆ ಇಟ್ಟರು ಎಂದರೆ ಮೊಕದ್ದಮೆಯನ್ನು ಇನ್ನೊಂದು ತಾರೀಕಿಗೆ ಮುಂದೂಡಿದರು ಎಂದರ್ಥ. ಮಲೆಯಾಳವನ್ನೇ ಓದಿ ಬೆಳೆದವನಿಗೆ ಇವು ಸಾಮಾನ್ಯ ಮಾತುಗಳು. ಇವನ್ನೆಲ್ಲ ಹನ್ನೆರಡು ವರ್ಷದ ಹುಡುಗನ ತಲೆಗೆ ಹೊರಿಸಿ ಮನೆಯವರು ನಿಶ್ಚಿಂತರಾಗಿರುವುದು ಸರಿಯಲ್ಲ.

ಇತ್ತ ಕಪಾಟಿನೊಳಗೆ ದಿನಗಳು ಉರುಳುತ್ತವೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಪ್ರಕಾರ ಸಮನ್ಸ್ ಕೈಸೇರಿದ 30 ದಿನಗಳೊಳಗೆ ಪ್ರತಿವಾದಿಯು ತನ್ನ ಲಿಖಿತ ಹೇಳಿಕೆಯನ್ನು ಸಲ್ಲಿಸಬೇಕು. ತಕ್ಕ ಕಾರಣವಿದ್ದರೆ ನ್ಯಾಯಾಲಯವು ಅದನ್ನು ದಾಖಲಿಸಿ 90 ದಿನಗಳವರೆಗೆ ಕಾಲಾವಕಾಶ ಕೊಡಬಹುದು. ನಿಗದಿಯಾದ ದಿನ ಯಾರೂ ಹಾಜರಾಗದಿದ್ದರೆ ಏಕಪಕ್ಷೀಯವಾಗಿ ವಿಚಾರಣೆ ನಡೆದು ತೀರ್ಪಾಗುತ್ತದೆ. ಅದನ್ನು ರದ್ದುಪಡಿಸುವಂತೆ ಕೇಳಲು ಡಿಕ್ರಿಯ ದಿನದಿಂದ, ಸಮನ್ಸ್ ಸರಿಯಾಗಿ ಜಾರಿಯಾಗದಿದ್ದಲ್ಲಿ ವಿಷಯ ತಿಳಿದ ದಿನದಿಂದ, ಮತ್ತೆ 30 ದಿನಗಳಿವೆ. ಆದರೆ ಅಜ್ಜಿಯ ಕನ್ನಡ ರುಜು ಕಾಗದದ ಮೇಲಿರುವಾಗ ಸಮನ್ಸ್ ಸಿಗಲಿಲ್ಲವೆಂದು ವಾದಿಸುವುದು ಹೇಗೆ? ಇನ್ನು ಕೆಲವರು, ಅಮೀನ ಬಂದಾಗ ಬಾಗಿಲು ಹಾಕಿಕೊಂಡರೆ ಕೇಸೂ ಹಿಂದಿರುಗಿ ಹೋಗುತ್ತದೆಂದು ನಂಬಿದ್ದಾರೆ. ನಿರಾಕರಿಸಿದವರ ಮನೆಯ ಹೊರಬಾಗಿಲಿಗೆ ಸಮನ್ಸ್ ಅಂಟಿಸಿ ವರದಿ ಕೊಡಲು ಕಾನೂನಿನಲ್ಲಿ ಅವಕಾಶವಿದೆ. ಪ್ರತಿವಾದಿ ಮನೆಯಲ್ಲಿಲ್ಲದಾಗ ಆತನ ಪರವಾಗಿ ಕಾಗದ ಪಡೆಯಬಹುದಾದವರು ಆ ಮನೆಯ ಪ್ರಾಯಪೂರ್ತಿಯಾದ ಸದಸ್ಯರು ಮಾತ್ರ. ಶಾಲೆಯ ಮಗುವಿನ ಕೈಗೆ ಕೊಟ್ಟು ಹೋಗುವುದು ಕ್ರಮವಲ್ಲ.

ಕಾಸರಗೋಡಿನ ಕನ್ನಡಿಗರಿಗೆ ಭಾಷೆಯ ಹಕ್ಕಿನ ಬಗ್ಗೆ ಹೇಳಬೇಕಾದುದೇನೂ ಇಲ್ಲ ಎಂದು ತೋರಬಹುದು. 1956ರ ನವೆಂಬರ್ 1ರಿಂದ ಆ ಮಾತು ಇಲ್ಲಿ ನಿಂತದ್ದೇ ಇಲ್ಲ. ಕೇರಳದ 1969ರ ಅಧಿಕೃತ ಭಾಷಾ ಕಾನೂನು, ಕನ್ನಡ ಮತ್ತು ತಮಿಳು ಅಲ್ಪಸಂಖ್ಯಾತರು ಸೆಕ್ರೆಟರಿಯೇಟಿಗೂ ಇಲಾಖಾ ಮುಖ್ಯಸ್ಥರಿಗೂ ಭಾಷಾ ಅಲ್ಪಸಂಖ್ಯಾತ ಪ್ರದೇಶವೆಂದು ಸಾರಿದ ಕಡೆಗಳ ಸರಕಾರಿ ಕಚೇರಿಗಳಿಗೂ ತಮ್ಮ ಭಾಷೆಯಲ್ಲೇ ಬರೆಯಬಹುದೆಂದೂ ಉತ್ತರವೂ ಅದೇ ಭಾಷೆಯಲ್ಲಿ ಬರಬೇಕೆಂದೂ ಹೇಳುತ್ತದೆ. ವಿಲೇಜ್ ಆಫೀಸಿನಲ್ಲಿ ಈ ಹಕ್ಕನ್ನು ಒತ್ತಿ ಹೇಳುವವರು ನ್ಯಾಯಾಲಯದಲ್ಲಿಯೂ ಅದೇ ನಡೆಯುತ್ತದೆಂದು ಭಾವಿಸುವುದುಂಟು. ಆದರೆ ಈ ಮಾತು ಸರಕಾರದೊಡನೆ ನಡೆಸುವ ಪತ್ರವ್ಯವಹಾರಕ್ಕೆ ಸಂಬಂಧಿಸಿದ್ದು. ಮೊಕದ್ದಮೆಯ ನಡಾವಳಿಗೆ ಅದು ತಾನಾಗಿ ಅನ್ವಯಿಸುವುದಿಲ್ಲ. ಕೇರಳದ ಅಧೀನ ನ್ಯಾಯಾಲಯಗಳು ನಡೆಯುವುದು ಇಂಗ್ಲಿಷ್ ಮತ್ತು ಮಲೆಯಾಳದಲ್ಲಿ. ಇಂಗ್ಲಿಷ್ ಬಾರದ ಕಕ್ಷಿಗೆ ಕೇಳಿದರೆ ಅನುವಾದ ಕೊಡಬೇಕೆಂಬ ನಿಯಮವೇನೋ ಇದೆ. ಆ ಅನುವಾದ ನ್ಯಾಯಾಲಯದ ಭಾಷೆಗೆ, ಎಂದರೆ ಮಲೆಯಾಳಕ್ಕೆ! ಕನ್ನಡ ಮಾತ್ರ ಬಲ್ಲ ಅಜ್ಜಿಗೆ ಎರಡೂ ಒಂದೇ.

ಹಾಗಾದರೆ ಅಲ್ಲಿ ಕನ್ನಡಕ್ಕೆ ಸ್ಥಳವೇ ಇಲ್ಲವೆ? ಇದೆ, ಮುಖ್ಯವಾದ ಜಾಗದಲ್ಲೇ ಇದೆ: ಸಾಕ್ಷಿಕಟ್ಟೆಯಲ್ಲಿ. ಸಾಕ್ಷಿಯು ತನಗೆ ಬರುವ ಭಾಷೆಯಲ್ಲಿ ಹೇಳಬಹುದು. ಸಿವಿಲ್ ಪ್ರಕ್ರಿಯಾ ಸಂಹಿತೆಯ 18ನೆಯ ಆದೇಶದ 6ನೆಯ ನಿಯಮದಂತೆ, ಹೇಳಿದ್ದು ಒಂದು ಭಾಷೆಯಲ್ಲಿದ್ದು ಬರೆದುಕೊಂಡದ್ದು ಸಾಕ್ಷಿಗೆ ತಿಳಿಯದ ಇನ್ನೊಂದು ಭಾಷೆಯಲ್ಲಿದ್ದರೆ, ಬರೆದುಕೊಂಡದ್ದನ್ನು ಆತ ಹೇಳಿದ ಭಾಷೆಯಲ್ಲಿಯೇ ಆತನಿಗೆ ವಿವರಿಸಬೇಕು. ಕ್ರಿಮಿನಲ್ ಮೊಕದ್ದಮೆಗಳಲ್ಲಿ, 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯು ಇನ್ನೂ ಸ್ಪಷ್ಟವಾಗಿದೆ: ಆರೋಪಿಗೆ ತಿಳಿಯದ ಭಾಷೆಯಲ್ಲಿ ಸಾಕ್ಷ್ಯ ನುಡಿದರೆ, ಆತನಿಗೆ ತಿಳಿಯುವ ಭಾಷೆಯಲ್ಲಿ ಅದನ್ನು ತೆರೆದ ನ್ಯಾಯಾಲಯದಲ್ಲೇ ಹೇಳಬೇಕು. ಹಳೆಯ ಸಂಹಿತೆಯಲ್ಲಿಯೂ ಇದೇ ಇತ್ತು.

ಇಷ್ಟಿದ್ದೂ ಈ ಹಕ್ಕು ಕೈತಪ್ಪುವುದು ಹೆಚ್ಚಾಗಿ ಒಂದು ತಲೆಯಾಡಿಸುವಿಕೆಯಿಂದ. ‘ಮನಸ್ಸಿಲಾಯೋ’ ಎಂದು ಕೇಳುತ್ತಾರೆ. ಅಷ್ಟು ಜನರ ಮುಂದೆ, ಕರಿಕೋಟುಗಳ ನಡುವೆ, ಗೊತ್ತಾಗಲಿಲ್ಲ ಎನ್ನಲು ನಾಚಿಕೆ. ಪೇಟೆಯಲ್ಲಿ ಮೀನು ಕೊಳ್ಳುವಷ್ಟು, ಬಸ್ಸಿನಲ್ಲಿ ಜಾಗ ಕೇಳುವಷ್ಟು ಮಲೆಯಾಳ ಎಲ್ಲರಿಗೂ ಬರುತ್ತದೆ. ಅದೇ ಬಲದ ಮೇಲೆ ‘ಆಯಿ’ ಎಂದುಬಿಡುತ್ತಾರೆ. ದುಭಾಷಿ ಬೇಕೆಂದು ತಮ್ಮ ವಕೀಲರ ಮೂಲಕ ಮೊದಲೇ ತಿಳಿಸಬೇಕು. ಸಾಕ್ಷ್ಯ ಅರ್ಧವಾದ ಮೇಲೆ ಕೇಳಿದರೆ, ಅಷ್ಟರವರೆಗೆ ತಿಳಿದದ್ದು ಈಗ ತಿಳಿಯದಾಯಿತೇ ಎಂಬ ಪ್ರಶ್ನೆ ಏಳುತ್ತದೆ.

ಅದಕ್ಕಿಂತ ಮುಂಚೆಯೇ ಕಾಲು ಜಾರುವ ಒಂದು ಜಾಗವಿದೆ. ಸಿವಿಲ್ ದಾವೆಗಳಲ್ಲಿ ಈಗ ಸಾಕ್ಷಿಯ ಮೊದಲ ಹೇಳಿಕೆಯನ್ನು ಬಾಯಿಂದ ಹೇಳಿಸುವುದಿಲ್ಲ; ಅದು ಅಫಿದವಿತ್ ರೂಪದಲ್ಲಿ ಸಲ್ಲಿಕೆಯಾಗುತ್ತದೆ. ಅದು ಸಿದ್ಧವಾಗುವುದು ವಕೀಲರ ಕಚೇರಿಯಲ್ಲಿ, ಇಂಗ್ಲಿಷಿನಲ್ಲೋ ಮಲೆಯಾಳದಲ್ಲೋ. ಅಜ್ಜಿ ಹೋಗುತ್ತಾರೆ, ಗುಮಾಸ್ತ ತೋರಿಸಿದ ಪ್ರತಿಯೊಂದು ಪುಟದ ಕೆಳಗೆ ರುಜು ಹಾಕುತ್ತಾರೆ, ಕೊನೆಯ ಬಸ್ಸಿಗೆ ಮುಂಚೆ ಹೊರಡುತ್ತಾರೆ. ತಿಂಗಳುಗಳು ಕಳೆದು ಪಾಟೀಸವಾಲಿನ ದಿನ ಬಂದಾಗ ಎದುರು ಪಕ್ಷದ ವಕೀಲರು ನಾಲ್ಕನೆಯ ಖಂಡಿಕೆಯಲ್ಲಿರುವುದು ನಿಜವೇ ಎಂದು ಕೇಳುತ್ತಾರೆ. ಅಲ್ಲೇನಿದೆಯೆಂದು ಅಜ್ಜಿಗೆ ಗೊತ್ತಿಲ್ಲ. ತೋಟದ ತೆಂಕು ಬದಿಯ ದಾರಿಯನ್ನು ಬಡಗು ಬದಿಯದೆಂದು ಬರೆದಿದ್ದರೂ ಅದು ಅವರದೇ ಪ್ರಮಾಣದ ಮಾತು. ಆದ್ದರಿಂದ ಅದನ್ನು ಕನ್ನಡದಲ್ಲಿ ಓದಿ ಹೇಳಿಸಿಕೊಂಡೇ ರುಜು ಹಾಕಬೇಕು. ಓದಿ ವಿವರಿಸಲಾಗಿದೆ ಎಂಬ ಒಕ್ಕಣೆಯನ್ನೂ ಅದರಲ್ಲಿ ಸೇರಿಸಿಸಬೇಕು. ಹೀಗೆ ಕೇಳಿದರೆ ವಕೀಲರಿಗೆ ಬೇಸರವಾದೀತೆಂಬ ಸಂಕೋಚಕ್ಕೆ ಅರ್ಥವಿಲ್ಲ.

ಕನ್ನಡವೇ ಬಲವಾಗುವ ಸಂದರ್ಭವೂ ಒಂದಿದೆ. ದಕ್ಷಿಣ ಕನ್ನಡ ಜಿಲ್ಲೆಯ ಕಾಲದ ಮೂಲಗೇಣಿ ಚೀಟಿಗಳು, ವಿಭಾಗಪತ್ರಗಳು, ಕ್ರಯಪತ್ರಗಳು ಎಷ್ಟೋ ಮನೆಗಳ ಪೆಟ್ಟಿಗೆಯಲ್ಲಿ ಕನ್ನಡದಲ್ಲೇ ಇವೆ. ದಾರಿಯ, ಗಡಿಯ, ನೀರಿನ ತಕರಾರು ಬಂದಾಗ ಅವುಗಳ ಒಂದು ಸಾಲು ಸಾಕಾಗಬಹುದು. ನ್ಯಾಯಾಲಯಕ್ಕೆ ಅವುಗಳ ಅನುವಾದವನ್ನೂ ಕೊಡಬೇಕಾಗುತ್ತದೆ. ‘ಕಟ್ಟಪುಣಿ’, ‘ಕುಮ್ಕಿ’ಗಳನ್ನು ಅರಿಯದವರು ಮಾಡಿದ ಅನುವಾದ ಗಡಿಯನ್ನೇ ಸರಿಸಿಬಿಟ್ಟೀತು. ಅದನ್ನು ಮೂಲದೊಡನೆ ಹೋಲಿಸಿ ನೋಡುವ ಕೆಲಸಕ್ಕೆ ಊರಿನ ನಿವೃತ್ತ ಕನ್ನಡ ಅಧ್ಯಾಪಕರಿಗಿಂತ ತಕ್ಕವರು ಸಿಗಲಾರರು.

ವಕೀಲರನ್ನು ಹಿಡಿಯಲು ಹಣವಿಲ್ಲದವರಿಗೆ 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆ ಇದೆ. ಹೆಂಗಸರಿಗೆ, ಮಕ್ಕಳಿಗೆ, ಪರಿಶಿಷ್ಟ ಜಾತಿ ಮತ್ತು ವರ್ಗದವರಿಗೆ, ಅಂಗವಿಕಲರಿಗೆ ಆದಾಯ ನೋಡದೆಯೇ ಉಚಿತ ನೆರವು. ಉಳಿದವರಿಗೆ ಆದಾಯದ ಮಿತಿಯೊಳಗೆ. ಅಜ್ಜಿಗೆ ಅಡಿಕೆ ತೋಟವಿದ್ದರೂ ಅವರು ಅರ್ಹರೇ. ಬರೆಯಲು ಬಾರದವರು ಬಾಯಿಮಾತಿನಲ್ಲೂ ಕೇಳಿಕೊಳ್ಳಬಹುದು. ರಾಷ್ಟ್ರೀಯ ಪ್ರಾಧಿಕಾರದ ಸಹಾಯವಾಣಿ 15100. ಕನ್ನಡ ಬಲ್ಲ ವಕೀಲರನ್ನೇ ನೇಮಿಸಬೇಕೆಂದು ಮೊದಲ ದಿನವೇ ಹೇಳುವುದು ಒಳ್ಳೆಯದು. ದಾರಿ, ನೀರಿನಂಥ ಜಗಳಗಳು ಅದಾಲತ್ತಿನಲ್ಲಿ ರಾಜಿಯಾದರೆ ಆ ತೀರ್ಮಾನಕ್ಕೆ ಡಿಕ್ರಿಯ ಬಲವಿದೆ, ಅಪೀಲು ಇಲ್ಲ. ಅಪೀಲು ಇಲ್ಲದ ಕಾರಣದಿಂದಲೇ ಅಲ್ಲಿಯ ಕಾಗದವನ್ನು ಇನ್ನಷ್ಟು ಚೆನ್ನಾಗಿ ಓದಿಸಿ ತಿಳಿಯಬೇಕು.

ನ್ಯಾಯಾಲಯದ ಕಚೇರಿಯಲ್ಲಿ ಏನನ್ನು ಕೇಳಬಹುದು? ಮುಂದಿನ ತಾರೀಕು, ಯಾವ ಕೋರ್ಟು, ದಾಖಲೆಯ ನಕಲಿಗೆ ಅರ್ಜಿ ಹಾಕುವ ಕ್ರಮ, ಇಷ್ಟನ್ನು ಸಿಬ್ಬಂದಿ ಹೇಳುತ್ತಾರೆ. ಗೆಲ್ಲುತ್ತೇವೆಯೆ, ಏನು ಬರೆಯಲಿ ಎಂದು ಕೇಳಿದರೆ ಹೇಳುವುದಿಲ್ಲ, ಹೇಳಬಾರದು. ನ್ಯಾಯಾಧೀಶರಿಗೆ ನೇರವಾಗಿ ಕಾಗದ ಬರೆದು ತಮ್ಮ ಕಷ್ಟ ತೋಡಿಕೊಳ್ಳುವ ಹಳೆಯ ಅಭ್ಯಾಸ ನಡೆಯುತ್ತಿರುವ ಮೊಕದ್ದಮೆಗೆ ಹಾನಿಯನ್ನೇ ಮಾಡುತ್ತದೆ. ಪ್ರತಿಯೊಂದು ಮೊಕದ್ದಮೆಗೂ ಸಿ.ಎನ್.ಆರ್. ಎಂಬ 16 ಅಕ್ಷರ ಮತ್ತು ಅಂಕಿಗಳ ಸಂಖ್ಯೆಯಿದೆ, ಕೇರಳದ್ದಾದರೆ ಕೆ.ಎಲ್. ಎಂದು ಆರಂಭ. ಅದನ್ನು ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಹಾಕಿದರೆ ಮುಂದಿನ ತಾರೀಕು ತಿಳಿಯುತ್ತದೆ. ಈ ಕೆಲಸವನ್ನು ಬೇಕಾದರೆ ಹುಡುಗನಿಗೆ ಒಪ್ಪಿಸಬಹುದು. ಅಂಕಿಗಳು ಎಲ್ಲ ಭಾಷೆಯಲ್ಲೂ ಒಂದೇ.

ನಾವು ಊಹಿಸಿದ ಮನೆಯಲ್ಲಿ ಸೊಸೆ ರೇಷನ್ ಕಾರ್ಡಿಗಾಗಿ ಕಪಾಟು ತೆಗೆದದ್ದು 19ನೆಯ ದಿನ ಎಂದಿರಲಿ. ಇನ್ನೂ 11 ದಿನ ಉಳಿದಿವೆ. ಮರುದಿನ ಬೆಳಿಗ್ಗೆ ಅತ್ತೆ ಸೊಸೆ ಇಬ್ಬರೂ ಕಾಗದಗಳನ್ನೂ ಪೆಟ್ಟಿಗೆಯ ವಿಭಾಗಪತ್ರವನ್ನೂ ಚೀಲದಲ್ಲಿಟ್ಟುಕೊಂಡು ವಿದ್ಯಾನಗರದ ಕಡೆಗೆ ಬಸ್ಸು ಹತ್ತುತ್ತಾರೆ. ಹುಡುಗ ಶಾಲೆಗೆ ಹೊರಡುತ್ತಾನೆ, ದಾವೆಯಲ್ಲಿ ಹೇಳಿರುವ ಆ ಕಾಲುದಾರಿಯಲ್ಲೇ.