ಕಾಲದ ಕಾವಲುಗಾರರು ನಮ್ಮ ಕ್ಯಾಂಪಸ್‌ನಲ್ಲೂ ಇದ್ದಾರೆ

ಒಬ್ಬ ಹುಡುಗ ಮೆಕ್ಯಾನಿಕ್ಸ್ ಲೆಕ್ಚರ್ ತಪ್ಪಿಸಿಕೊಳ್ತಾನೆ. ಹಾಗಾಗಿ ಅವನು ಸೋಲಾರ್ ಎಂಜಿನಿಯರಿಂಗ್ ಕಡೆ ಹೋಗೋದೇ ಇಲ್ಲ. ಒಂದು ಸರಳ ಸಾಧನ ಬರೋದು ಹತ್ತು ವರ್ಷ ತಡವಾಗುತ್ತೆ. ಅದರಿಂದ ಮುಂದಿನ ಶತಮಾನದಲ್ಲಿ ನಡೆಯಬೇಕಿದ್ದ ಒಂದು ಯುದ್ಧವೇ ನಡೆಯೋದಿಲ್ಲ!

ಬಂಕ್ ಹೊಡೆಯೋಕೆ ಹೊಸ ಕಾರಣ ಸಿಕ್ತು ಅಂತ ಖುಷಿಪಡಬೇಡಿ. ಇದು ಐಸಾಕ್ ಅಸಿಮೋವ್ 1955ರಲ್ಲಿ ಬರೆದ ‘ದಿ ಎಂಡ್ ಆಫ್ ಎಟರ್ನಿಟಿ’ ಕಾದಂಬರಿಯಲ್ಲಿ ಬರುವ ವಿಷಯ. ಆ ಹುಡುಗ ಲೆಕ್ಚರ್‌ಗೆ ತಲುಪದ ಹಾಗೆ ಮಾಡಿದ್ದು ‘ಎಟರ್ನಿಟಿ’ ಅನ್ನೋ ಸಂಘಟನೆ. ಇದರ ಜನ ಕಾಲದ ಹೊರಗೆ ಕೂತು ಶತಮಾನಗಳನ್ನು ನೋಡ್ಕೊಳ್ತಾರೆ. ಲೆಕ್ಕ ಹಾಕೋರು ಬೇರೆ, ಹೋಗಿ ಕೆಲಸ ಮುಗಿಸೋ ಟೆಕ್ನಿಷಿಯನ್ ಬೇರೆ. ಎಷ್ಟು ಕಡಿಮೆ ಕೈ ಹಾಕಿದರೆ ಎಷ್ಟು ದೊಡ್ಡ ಅನಾಹುತ ತಪ್ಪುತ್ತೆ ಅನ್ನೋದೇ ಅವರ ಲೆಕ್ಕ. ನಮ್ಮ ಭಾಷೆಯಲ್ಲಿ ಹೇಳೋದಾದ್ರೆ ಪಕ್ಕಾ ಆಪ್ಟಿಮೈಸೇಶನ್ ಪ್ರಾಬ್ಲಮ್.

ಪುಸ್ತಕ ಓದದವರೂ 2021ರ ‘ಲೋಕಿ’ ಸೀರೀಸ್ ನೋಡಿರ್ತೀರಿ. ಅಲ್ಲಿನ ಟಿವಿಎ ಕೂಡ ಇದೇ ಜಾತಿಯದ್ದು. ‘ಪವಿತ್ರ ಟೈಮ್‌ಲೈನ್’ ಒಂದೇ ಇರಬೇಕು, ಕವಲೊಡೆದದ್ದನ್ನೆಲ್ಲ ಕತ್ತರಿಸಬೇಕು. ಮೇಜಿನ ಮೇಲೆ ಫೈಲು, ಗೋಡೆ ಮೇಲೆ ಪೋಸ್ಟರು. ಥೇಟ್ ಸರ್ಕಾರಿ ಕಚೇರಿ.

ಈ ಕಾವಲುಗಾರರು ಕೆಟ್ಟವರು ಅಂತ ಹೇಳಿಬಿಟ್ಟರೆ ವಾದ ಸುಲಭವಾಗಿ ಮುಗಿಯುತ್ತೆ. ಆದರೆ ಅಸಿಮೋವ್ ಅಷ್ಟು ಸುಲಭ ಮಾಡಿಲ್ಲ. ಎಟರ್ನಿಟಿಯವರು ನಿಜವಾಗಿಯೂ ಯುದ್ಧ ತಪ್ಪಿಸ್ತಾರೆ, ಜನರ ಕಷ್ಟ ಕಡಿಮೆ ಮಾಡ್ತಾರೆ. ಒಂದೊಂದೇ ತೀರ್ಮಾನ ತಗೊಂಡು ನೋಡಿದರೆ ತಪ್ಪು ಹುಡುಕೋದು ಕಷ್ಟ. ತೊಂದರೆ ಇರೋದು ಒಟ್ಟು ಮೊತ್ತದಲ್ಲಿ. (ಮುಂದೆ ಸ್ಪಾಯ್ಲರ್ ಇದೆ, ಪುಸ್ತಕಕ್ಕೆ 70 ವರ್ಷ ಆಯ್ತು, ಕ್ಷಮಿಸಿ.) ಪ್ರತಿ ಸಲವೂ ಅಪಾಯ ಕಡಿಮೆ ಇರೋ ದಾರಿಯನ್ನೇ ಆರಿಸಿ ಆರಿಸಿ, ದುಬಾರಿ ಮತ್ತು ಅಪಾಯದ ಬಾಹ್ಯಾಕಾಶ ಯಾನವನ್ನು ಅವರು ಮತ್ತೆ ಮತ್ತೆ ಅಳಿಸಿಹಾಕ್ತಾರೆ. ಕೊನೆಗೆ ಮನುಷ್ಯರು ಭೂಮಿ ಬಿಟ್ಟು ಹೊರಡೋ ಹೊತ್ತಿಗೆ ನಕ್ಷತ್ರಗಳಲ್ಲಿ ಬೇರೆಯವರು ನೆಲೆಸಿಬಿಟ್ಟಿರ್ತಾರೆ. ಯಾರೂ ಮನುಕುಲವನ್ನು ಹಾಳು ಮಾಡೋಕೆ ಹೊರಟಿರಲಿಲ್ಲ. ಎಲ್ಲರೂ ಸೇಫ್ ಆಗಿರಲಿ ಅಂದ್ಕೊಂಡಿದ್ರು, ಅಷ್ಟೇ.

ಈಗ ನಮ್ಮ ಕಡೆ ನೋಡೋಣ. ಆ ಕಾದಂಬರಿಯಲ್ಲಿ ಹುಡುಗರನ್ನು 15ನೇ ವಯಸ್ಸಿಗೆ ಎಟರ್ನಿಟಿಗೆ ಕರ್ಕೊಂಡು ಹೋಗ್ತಾರೆ, ಆಮೇಲೆ ವಾಪಸ್ ಮನೆಗೆ ದಾರಿ ಇಲ್ಲ. ನಾವು ಎಸ್ಸೆಸ್ಸೆಲ್ಸಿ ಮುಗಿಸಿ ಸೈನ್ಸ್ ತಗೊಂಡಾಗಲೂ ವಯಸ್ಸು ಹೆಚ್ಚುಕಮ್ಮಿ ಅಷ್ಟೇ ಅಲ್ವಾ? ಪಿಯುಸಿ, ಸಿಇಟಿ, ಎಂಜಿನಿಯರಿಂಗ್, ಪ್ಲೇಸ್‌ಮೆಂಟ್: ನಮ್ಮ ಪವಿತ್ರ ಟೈಮ್‌ಲೈನ್ ಇದು. ಇಲ್ಲೂ ಕತ್ತರಿಸೋದು ಸಣ್ಣ ಸಣ್ಣದನ್ನೇ. ಇಂಗ್ಲಿಷ್ ಚೆನ್ನಾಗಿ ಬರಲಿ ಅಂತ ಶಾಲೆಯಲ್ಲಿ ಕನ್ನಡ ಮಾತಾಡಿದರೆ ಫೈನ್. ಮಾರ್ಕ್ಸ್ ಜಾಸ್ತಿ ಬರುತ್ತೆ ಅಂತ ಪಿಯುಸಿಯಲ್ಲಿ ಕನ್ನಡ ಬಿಟ್ಟು ಸಂಸ್ಕೃತ. ಸಿಇಟಿ ಮುಗೀಲಿ ಅಂತ ತಬಲಾ ಕ್ಲಾಸ್ ಬಂದ್. ಸಿಜಿಪಿಎ ಬೀಳಬಾರದು ಅಂತ ಇಷ್ಟದ ಎಲೆಕ್ಟಿವ್ ಬಿಟ್ಟು ಸುಲಭದ್ದು. ಪ್ರತಿಯೊಂದಕ್ಕೂ ಒಳ್ಳೆಯ ಕಾರಣ ಇತ್ತು. ಆದರೆ ಒಟ್ಟು ಮೊತ್ತ ಏನಾಯ್ತು? ಅಜ್ಜಿಗೆ ಒಂದು ಪತ್ರ ಬರೆಯೋಕೆ ಕೂತರೆ ಒತ್ತಕ್ಷರಕ್ಕೆ ತಡವರಿಸೋ ನಾವು. ಇಷ್ಟಾದರೂ ನಮ್ಮಿಂದ ಯಾವ ಯುದ್ಧವೂ ನಿಂತಿಲ್ಲ.

ಹಾಗಂತ ಅಪ್ಪ ಅಮ್ಮನನ್ನು ದೂರೋದು ನ್ಯಾಯ ಅಲ್ಲ. ಮನೆ ಮೇಲೆ ಸಾಲ ಇದ್ದವರಿಗೆ ‘ಕನಸಿನ ಹಿಂದೆ ಓಡು’ ಅನ್ನೋ ಉಪದೇಶ ಹೊಟ್ಟೆ ತುಂಬಿದವರ ಮಾತು. ಸೇಫ್ ದಾರಿ ಬೇಕೇ ಬೇಕು. ನಮ್ಮ ತಕರಾರು ಅದರ ಬಗ್ಗೆ ಅಲ್ಲ, ಅದೊಂದೇ ದಾರಿ ಅಂತ ಉಳಿದದ್ದನ್ನೆಲ್ಲ ಅಳಿಸೋದರ ಬಗ್ಗೆ. ವಾರಕ್ಕೆ ಎರಡು ಸಂಜೆ ನಾಟಕದ ರಿಹರ್ಸಲ್‌ಗೆ ಹೋದವನ ಪ್ಲೇಸ್‌ಮೆಂಟ್ ಅದರಿಂದಲೇ ಹೋಯ್ತು ಅಂತ ಯಾರು, ಯಾವ ಡೇಟಾ ಇಟ್ಕೊಂಡು ಲೆಕ್ಕ ಹಾಕಿದ್ರು? ಅಸಿಮೋವ್ ಕಥೆಯಲ್ಲಿ ಕೊನೇಪಕ್ಷ ಲೆಕ್ಕ ಹಾಕೋಕೆ ಜನ ಇದ್ರು. ನಮ್ಮಲ್ಲಿ ವಾಟ್ಸಾಪ್ ಫಾರ್ವರ್ಡೇ ಲೆಕ್ಕ.

ಇನ್ನೊಂದು ವಿಷಯ. ಟಿವಿಎ ಸಿಬ್ಬಂದಿಯೆಲ್ಲ ಮೊದಲು ಬೇರೆ ಬೇರೆ ಟೈಮ್‌ಲೈನ್‌ಗಳಲ್ಲಿ ಬದುಕಿದ್ದವರೇ. ಅವರ ನೆನಪನ್ನು ಅಳಿಸಿ ಕೆಲಸಕ್ಕೆ ಹಚ್ಚಿರ್ತಾರೆ. ‘ಕ್ಲಬ್ಬು ಗಿಬ್ಬು ಬೇಡ, ಕೋಡಿಂಗ್ ಮಾಡ್ಕೋ’ ಅನ್ನೋ ಸೀನಿಯರ್‌ಗೂ ಫಸ್ಟ್ ಇಯರ್‌ನಲ್ಲಿ ಯಾರೋ ಅದನ್ನೇ ಹೇಳಿರ್ತಾರೆ. ಈಗ ನಾವು ಸೆಕೆಂಡ್ ಇಯರ್. ಜೂನಿಯರ್ಸ್ ಬಂದು ‘ಅಣ್ಣಾ, ಅಕ್ಕಾ, ಯಾವ ಡೊಮೇನ್‌ಗೆ ಸ್ಕೋಪ್ ಇದೆ?’ ಅಂತ ಕೇಳ್ತಿದ್ದಾರೆ. ಅಂದ್ರೆ ಕತ್ತರಿ ಈಗ ನಮ್ಮ ಕೈಗೆ ಬಂದಿದೆ.

ಅದಕ್ಕೇ ನಮ್ಮದೊಂದು ಸಲಹೆ. ಅವರಿಗೆ ನಾವು ಏನು ಮಾಡಿದ್ವಿ, ಏನು ಸಿಕ್ತು, ಏನು ಬಿಟ್ವಿ ಅಂತ ಹೇಳೋಣ. ‘ಅದು ವೇಸ್ಟ್’ ಅನ್ನೋ ಒಂದು ಮಾತು ಮಾತ್ರ ಬೇಡ. ಆ ಮಾತು ಹೇಳೋಕೆ ಎರಡು ಸೆಕೆಂಡ್ ಸಾಕು, ಅದರಿಂದ ಯಾವ ಕವಲು ಒಣಗಿತು ಅಂತ ನಮಗೆ ಯಾವತ್ತೂ ಗೊತ್ತಾಗೋದಿಲ್ಲ.