ಹಲ್ಲು ಕೀಳಿಸಿಕೊಂಡದ್ದು ತ್ಯಾಗವಲ್ಲ

ಮೆಕ್ಸಿಕೋದ ನಟಿ ಸಾರಾ ಗಾರ್ಸಿಯಾಳ ಬಗ್ಗೆ ಯಾರೇ ಬರೆಯಲಿ, ಆ ಹಲ್ಲಿನ ಕಥೆಯನ್ನು ಮಾತ್ರ ಬಿಡುವುದಿಲ್ಲ. 1930ರ ದಶಕದ ನಡುವೆ, ನಲವತ್ತರ ಹೊಸ್ತಿಲಲ್ಲಿದ್ದ ಈಕೆಗೆ ರಂಗದ ಮೇಲೆ ಅಜ್ಜಿಯ ಪಾತ್ರವೊಂದು ಬೇಕಾಗಿತ್ತು. ಅಜ್ಜಿಯಾಗಲು ವಯಸ್ಸು ಸಾಲದು ಎಂಬ ಅನುಮಾನ ನಾಟಕದವರಿಗೆ. ಈಕೆ ನೇರ ದಂತವೈದ್ಯರ ಬಳಿ ಹೋಗಿ 14 ಹಲ್ಲು ಕೀಳಿಸಿಕೊಂಡು ಬಂದಳಂತೆ. ಬಾಯಿ ಬೊಚ್ಚಾಯಿತು, ಕೆನ್ನೆ ಒಳಗೆ ಹೋಯಿತು, ಬಿಳಿಯ ಟೋಪನ್ ಇಟ್ಟುಕೊಂಡದ್ದಾಯಿತು, ಪಾತ್ರ ಕೈಗೆ ಬಂತು. ಅಲ್ಲಿಂದ ಮುಂದೆ ಸಾಯುವವರೆಗೂ ಆಕೆ 'ಮೆಕ್ಸಿಕೋದ ಅಜ್ಜಿ'. ಕಥೆ ಮುಗಿಸುವವರು ಕೊನೆಗೊಂದು ಉದ್ಗಾರ ಸೇರಿಸುತ್ತಾರೆ: ಕಲೆಗಾಗಿ ಎಂಥ ತ್ಯಾಗ!

ನನ್ನ ತಕರಾರು ಇರುವುದು ಈ ಉದ್ಗಾರದ ಜೊತೆಗೆ. ತ್ಯಾಗವೆನ್ನುವುದು ಹೆಂಗಸರಿಗೆ ಬಹಳ ಅಗ್ಗವಾಗಿ ಸಿಗುವ ಬಿರುದು. ಎಲ್ಲರಿಗೂ ಬಡಿಸಿ ತಾನು ತಳದ ಸಾರು ಉಂಡರೆ ತ್ಯಾಗ. ನಡು ಬಗ್ಗುವವರೆಗೆ ದುಡಿದರೆ ತ್ಯಾಗ. ಆ ಮಾತನ್ನು ಒಮ್ಮೆ ಆಡಿಬಿಟ್ಟರೆ ಮುಗಿಯಿತು. ಆಮೇಲೆ ಕೂಲಿಯ ಲೆಕ್ಕ ಕೇಳುವವರಿಲ್ಲ, ಈ ನಷ್ಟ ಯಾಕಾಯಿತು ಎಂದು ಪ್ರಶ್ನಿಸುವವರೂ ಇಲ್ಲ. ಸಾರಾ ಗಾರ್ಸಿಯಾಳ ವಿಷಯದಲ್ಲೂ ಹೀಗೇ ಆಗಿದೆ. ಹಲ್ಲು ಎಷ್ಟು ಹೋದವು ಎಂದು ಎಣಿಸಿದವರು ಬಹಳ ಮಂದಿ. ಯಾಕೆ ಹೋಗಬೇಕಾಯಿತು ಎಂದು ಕೇಳಿದವರು ಕಡಿಮೆ.

ಆಕೆ ಯಾರು ಎಂಬುದನ್ನು ಮೊದಲು ನೋಡೋಣ. 1895ರಲ್ಲಿ ವೆರಾಕ್ರುಸ್ ಪ್ರಾಂತ್ಯದ ಓರಿಸಾಬಾದಲ್ಲಿ ಹುಟ್ಟಿದವಳು. ತಂದೆ ತಾಯಿ ಸ್ಪೇನ್ ದೇಶದ ಆಂಡಲೂಸಿಯಾದಿಂದ ಬಂದವರು. ಎಳವೆಯಲ್ಲೇ ಇಬ್ಬರನ್ನೂ ಕಳೆದುಕೊಂಡು, ಮೆಕ್ಸಿಕೋ ನಗರದ ವಿಸ್ಕಾಯಿನಾಸ್ ಎಂಬ ಹಳೆಯ ಹೆಣ್ಣುಮಕ್ಕಳ ಶಾಲೆಯಲ್ಲಿ ಬೆಳೆದಳು. 1917ರಲ್ಲಿ ಒಂದು ಮೂಕಿಚಿತ್ರದಲ್ಲಿ ಗುಂಪಿನ ನಡುವೆ ಮುಖ ತೋರಿಸಿದಳು. ಆದರೆ ಕಸುಬು ಕಲಿತದ್ದು ನಾಟಕದಲ್ಲಿ. ಕಂಪನಿಗಳ ಜೊತೆ ಮೆಕ್ಸಿಕೋದ ಊರೂರು ಸುತ್ತಿದಳು, ಮಧ್ಯ ಅಮೆರಿಕಾಕ್ಕೂ ಹೋಗಿಬಂದಳು. ನಟನೊಬ್ಬನನ್ನು ಮದುವೆಯಾದಳು, ಒಬ್ಬಳು ಮಗಳು ಹುಟ್ಟಿದಳು, ದಾಂಪತ್ಯ ಮುರಿಯಿತು. ಮಗಳನ್ನು ಸಾಕುವ ಹೊಣೆ ಈಕೆಯ ಮೇಲೆ ಬಿತ್ತು.

ನಲವತ್ತರ ಹತ್ತಿರ ಬಂದ ಇಂಥ ಹೆಂಗಸಿಗೆ ರಂಗಭೂಮಿಯ ಲೆಕ್ಕ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ನಾಯಕಿಯ ಪಾತ್ರ ಇನ್ನು ಸಿಗುವುದಿಲ್ಲ. ನಾಯಕಿಯ ಅಕ್ಕ, ಅತ್ತಿಗೆ ಎಂದು ನಾಲ್ಕಾರು ವರ್ಷ ತಳ್ಳಬಹುದು. ಆಮೇಲೆ ಬಾಗಿಲು ಮುಚ್ಚುತ್ತದೆ. ಆದರೆ ಅಜ್ಜಿಗೆ ನಿವೃತ್ತಿಯಿಲ್ಲ. ಹೀಗಾಗಿ ಆಕೆ ಮುಪ್ಪು ಬರುವ ತನಕ ಕಾಯದೆ ತಾನೇ ಎದುರು ಹೋಗಿ ಅದನ್ನು ಮನೆಗೆ ಕರೆತಂದಳು. ಇದನ್ನು ನಾನು ಜಾಣತನ ಎನ್ನುತ್ತೇನೆ, ಹೊಟ್ಟೆಪಾಡಿನ ಲೆಕ್ಕಾಚಾರ ಎನ್ನುತ್ತೇನೆ. ತ್ಯಾಗ ಎಂದು ಕರೆದರೆ ಆಕೆಯ ಬುದ್ಧಿಗೂ ಅವಮಾನ, ಆ ಬುದ್ಧಿಯನ್ನು ಹೀಗೆ ಬಳಸಬೇಕಾಗಿ ಬಂದ ವ್ಯವಸ್ಥೆಗೂ ಕ್ಷಮಾಪಣೆ.

'ಆಕೆ ತಾನಾಗಿ ಮಾಡಿಕೊಂಡದ್ದಲ್ಲವೇ? ಯಾರೂ ಬಲವಂತ ಮಾಡಲಿಲ್ಲವಲ್ಲ?' ಎಂದು ನೀವು ಕೇಳಬಹುದು. ನಿಜ, ಯಾರೂ ಕೈ ಹಿಡಿದು ಎಳೆಯಲಿಲ್ಲ. ಆದರೆ ಪಕ್ಕದಲ್ಲಿದ್ದ ಗಂಡಸಿನ ಕಡೆ ಸ್ವಲ್ಪ ನೋಡಿ. 1941ರಲ್ಲಿ ಹುವಾನ್ ಬುಸ್ತಿಯೊ ಓರೊ ನಿರ್ದೇಶಿಸಿದ, ಮನೆ ಬಿಟ್ಟು ಹೋಗುವ ಮಕ್ಕಳ ಕಥೆಯುಳ್ಳ ಚಿತ್ರದಲ್ಲಿ ಸಾರಾ ತಾಯಿ, ಫರ್ನಾಂಡೊ ಸೊಲೇರ್ ತಂದೆ. ಸೊಲೇರ್ ಹುಟ್ಟಿದ್ದು 1896ರಲ್ಲಿ, ಅಂದರೆ ಇಬ್ಬರಿಗೂ ಒಂದೇ ವರ್ಷದ ಅಂತರ. ಮುಂದೆ ಲೂಯಿಸ್ ಬುನ್ಯುಯೆಲ್ 1949ರಲ್ಲಿ ಇದೇ ಸೊಲೇರ್‌ನನ್ನು ಮುಖ್ಯಪಾತ್ರದಲ್ಲಿ ನಿಲ್ಲಿಸಿ ಚಿತ್ರ ಮಾಡಿದ. 1951ರ 'ಸುಸಾನಾ'ದಲ್ಲಿ ಐವತ್ತು ದಾಟಿದ ಸೊಲೇರ್, ಮನೆಗೆ ಬಂದು ಸೇರಿದ ಹರೆಯದ ಹುಡುಗಿಯ ಮೋಹಕ್ಕೆ ಬೀಳುವ ಯಜಮಾನ. ಆ ಹೊತ್ತಿಗೆ ಸಾರಾ ಅಜ್ಜಿಯಾಗಿ ಹದಿನೈದು ವರ್ಷವಾಗಿತ್ತು. ಸೊಲೇರ್ ದೊಡ್ಡ ನಟ, ಆತನ ಮೇಲೆ ನನಗೆ ಸಿಟ್ಟಿಲ್ಲ. ಆತ ಯಾವ ಹಲ್ಲನ್ನೂ ಕೀಳಿಸಿಕೊಳ್ಳಬೇಕಾಗಿರಲಿಲ್ಲ ಎಂಬುದಷ್ಟೇ ನನ್ನ ಮಾತು. ಆತನ ಮುಂದೆ ನಾಲ್ಕು ದಾರಿ ಇದ್ದವು. ಈಕೆಯ ಮುಂದೆ ಇದ್ದದ್ದು ಒಂದೇ. ಒಂದೇ ದಾರಿಯಲ್ಲಿ ನಡೆದವಳನ್ನು ತಾನಾಗಿ ಆರಿಸಿಕೊಂಡಳು ಎನ್ನುವುದು ಯಾವ ನ್ಯಾಯ?

ಆ 1941ರ ಚಿತ್ರಕ್ಕೆ ಇನ್ನೊಂದು ಹಿನ್ನೆಲೆಯಿದೆ. ಅದರ ಹಿಂದಿನ ವರ್ಷ, 1940ರಲ್ಲಿ, ಆಕೆಯ ಮಗಳು ಮರಿಯಾ ಫರ್ನಾಂಡಾ ವಿಷಮಜ್ವರದಿಂದ ತೀರಿಕೊಂಡಿದ್ದಳು. ವಯಸ್ಸು ಇಪ್ಪತ್ತು. ಅವಳೂ ನಟಿ, ಹೋರ್ಹೆ ನೆಗ್ರೆತೆಯಂಥ ನಾಯಕನ ಎದುರು ಅಭಿನಯಿಸಿದ್ದವಳು. ಇದ್ದೊಬ್ಬ ಮಗಳನ್ನು ಮಣ್ಣಿಗೆ ಕೊಟ್ಟ ತಾಯಿ, ಮರುವರ್ಷ ಕ್ಯಾಮೆರಾದ ಮುಂದೆ ನಿಂತು ಮಕ್ಕಳಿಗಾಗಿ ಹಂಬಲಿಸಬೇಕಾಯಿತು. ಜನ ಅತ್ತರು. ಅಲ್ಲಿಂದ ಮುಂದೆ ದೇಶವೇ ತನ್ನ ಮಕ್ಕಳು ಮೊಮ್ಮಕ್ಕಳೆಂದು ಆಕೆಯ ಹೆಗಲಿಗೇರಿತು. ಆಕೆಯ ಸ್ವಂತ ದುಃಖಕ್ಕೆ ಅದರಲ್ಲಿ ಎಷ್ಟು ಜಾಗ ಉಳಿದಿತ್ತೋ ದೇವರೇ ಬಲ್ಲ.

ಅಜ್ಜಿಯೆಂದರೆ ಸೆರಗಿನಲ್ಲಿ ಕಣ್ಣೊರೆಸಿಕೊಳ್ಳುವ ಮುದುಕಿ ಎಂದುಕೊಳ್ಳಬೇಡಿ. 1947ರಲ್ಲಿ ಇಸ್ಮಾಯೆಲ್ ರೊದ್ರಿಗೆಸ್ ತೆಗೆದ 'ಲೋಸ್ ತ್ರೆಸ್ ಗಾರ್ಸಿಯಾ' ಚಿತ್ರದ ಅಜ್ಜಿ ಕೈಯಲ್ಲಿ ಕೋಲು, ಬಾಯಲ್ಲಿ ಚುಟ್ಟಾ ಹಿಡಿದು, ಜಗಳಗಂಟರಾದ ಮೂವರು ಮೊಮ್ಮಕ್ಕಳನ್ನು ಗದರಿಸಿ ಹತೋಟಿಯಲ್ಲಿಟ್ಟವಳು. ಆ ಮೊಮ್ಮಕ್ಕಳಲ್ಲಿ ಪೆದ್ರೊ ಇನ್ಫಾಂತೆ, ಅಬೆಲ್ ಸಲಾಜಾರ್ ಇಬ್ಬರೂ 1917ರಲ್ಲಿ ಹುಟ್ಟಿದವರು. ಲೆಕ್ಕ ಹಾಕಿದರೆ ಅಜ್ಜಿ ಮೊಮ್ಮಗನಿಗಿಂತ 22 ವರ್ಷ ದೊಡ್ಡವಳು! ತಾಯಿಯಾಗಬೇಕಾದ ವಯಸ್ಸು. ಅದೇ ವರ್ಷದ ಮುಂದಿನ ಭಾಗದಲ್ಲಿ ಅಜ್ಜಿ ಸಾಯುತ್ತಾಳೆ. ಅವಳ ಗೋರಿಯ ಬಳಿ ಕುಡಿದು ಅಳುವ ಇನ್ಫಾಂತೆಯ ದೃಶ್ಯ ಮೆಕ್ಸಿಕೋದಲ್ಲಿ ಮನೆಮಾತು. ಆ ಅಳು ನಂಬುವಂತಾದದ್ದು ಯಾರಿಂದ? ಅಷ್ಟು ಹೊತ್ತು ಚುಟ್ಟಾ ಸೇದುತ್ತಾ, ಬೈಯುತ್ತಾ ತೆರೆಯನ್ನು ತುಂಬಿದ್ದವಳಿಂದ. ಆದರೂ ಹೆಸರಿನ ಪಟ್ಟಿಯಲ್ಲಿ ಇಂಥವರನ್ನು 'ಪೋಷಕ ನಟಿ' ಎನ್ನುತ್ತಾರೆ. ಪೋಷಿಸುವವಳು ಎಂಬುದು ಒಳ್ಳೆಯ ಮಾತೇ. ಪೋಷಿಸಿದವರಿಗೆ ಎರಡನೆಯ ಪಂಕ್ತಿ ಯಾಕೆ ಎಂಬುದಷ್ಟೇ ನನಗೆ ತಿಳಿಯದು.

ತನ್ನ ಮೇಲೆ ಹೊರಿಸಿದ ಪಾವಿತ್ರ್ಯವನ್ನು ಆಕೆ ತಾನೇ ನಂಬಿರಲಿಲ್ಲ ಎಂದು ನನಗನ್ನಿಸುವುದು 1972ರ 'ಮೆಕಾನಿಕಾ ನಾಸಿಯೊನಾಲ್' ಚಿತ್ರದಿಂದ. ನಿರ್ದೇಶಕ ಲೂಯಿಸ್ ಅಲ್ಕೊರಿಸಾ. ಕಾರ್ ಪಂದ್ಯ ನೋಡಲು ಊರಾಚೆ ಹೋದ ಸಂಸಾರದ ಜೊತೆ ಅಜ್ಜಿಯೂ ಹೋಗುತ್ತಾಳೆ. ಕಂಡದ್ದನ್ನೆಲ್ಲ ತಿನ್ನುತ್ತಾಳೆ, ಒರಟು ಮಾತಾಡುತ್ತಾಳೆ, ತಿಂದದ್ದು ಹೆಚ್ಚಾಗಿ ಅಲ್ಲೇ ಸಾಯುತ್ತಾಳೆ. ವಾಹನಗಳ ಸಂದಣಿಯಲ್ಲಿ ಹೆಣವನ್ನು ಮನೆಗೆ ಒಯ್ಯುವುದೇ ದೊಡ್ಡ ಪಡಿಪಾಟಲು. ಎಪ್ಪತ್ತೈದು ದಾಟಿದ ನಟಿ, ಬದುಕಿಡೀ ತಾನು ಹೊತ್ತ ದೇವರ ಮೂರ್ತಿಯನ್ನು ತಾನೇ ನಗುನಗುತ್ತಾ ಕೆಳಗಿಳಿಸಿದಳು. ಹಲ್ಲು ಕೀಳಿಸಿಕೊಳ್ಳುವುದಕ್ಕಿಂತ ಹೆಚ್ಚಿನ ಧೈರ್ಯ ಬೇಕಾದದ್ದು ಇದಕ್ಕೆ.

ಆದರೆ ಲೋಕಕ್ಕೆ ಬೇಕಾಗಿದ್ದದ್ದು ಹಳೆಯ ಅಜ್ಜಿಯೇ. 1973ರಲ್ಲಿ 'ಅಬುಯೆಲಿತಾ' ಎಂಬ ಚಾಕೊಲೇಟಿನ ಪೊಟ್ಟಣದ ಮೇಲೆ ಆಕೆಯ ಚಿತ್ರ ಬಂತು. ಆ ಮಾತಿಗೆ ಅರ್ಥ ಪ್ರೀತಿಯ ಅಜ್ಜಿ. ಮುಂದೆ ಆ ಕಾರ್ಖಾನೆ ನೆಸ್ಲೆಯ ಕೈಗೆ ಹೋಯಿತು, ಚಿತ್ರವೂ ಜೊತೆಗೇ ಹೋಯಿತು. 1980ರ ನವೆಂಬರಿನಲ್ಲಿ, 85ರ ವಯಸ್ಸಿನಲ್ಲಿ, ಆಕೆ ತೀರಿಕೊಂಡಳು. ಸುಮಾರು 150 ಚಿತ್ರಗಳು, ಲೆಕ್ಕವಿಲ್ಲದ ನಾಟಕಗಳು, 1970ರ ದಶಕದಲ್ಲಿ ದೂರದರ್ಶನದ ಧಾರಾವಾಹಿಗಳು ಬೇರೆ. ಇದನ್ನೆಲ್ಲ ನೋಡದವರೂ ಪೊಟ್ಟಣದ ಮುಖವನ್ನು ಬಲ್ಲರು. ಹಾಲಿಗೆ ಚಾಕೊಲೇಟ್ ಕದಡುವಾಗ ನಗುವ ಆ ಮುಖ ಅರವತ್ತು ವರ್ಷ ದುಡಿದ ಕಸುಬುದಾರಳದ್ದು ಎಂದು ಪೊಟ್ಟಣ ಹೇಳುವುದಿಲ್ಲ.

ಆದ್ದರಿಂದ ಓದುವ ಅಕ್ಕತಂಗಿಯರಲ್ಲಿ ನನ್ನದೊಂದು ಕೋರಿಕೆ. ಸಾರಾ ಗಾರ್ಸಿಯಾಳ ಕಥೆಯನ್ನು ನಿಮ್ಮ ಹೆಣ್ಣುಮಕ್ಕಳಿಗೆ ಹೇಳುವುದಾದರೆ ಹಲ್ಲಿನಿಂದ ಶುರುಮಾಡಬೇಡಿ. ತಬ್ಬಲಿ ಹುಡುಗಿಯೊಬ್ಬಳು ನಾಟಕದವರ ಜೊತೆ ಊರೂರು ಅಲೆದು ಕಸುಬು ಕಲಿತದ್ದನ್ನು ಹೇಳಿ, ಚುಟ್ಟಾ ಸೇದಿ ಮೂವರು ಗಂಡಾಳುಗಳನ್ನು ಗದರಿಸಿದ್ದನ್ನು ಹೇಳಿ. ಹಲ್ಲಿನ ಪ್ರಸ್ತಾಪ ಬಂದೇ ಬಂದರೆ, ಅದು ಯಾರಿಗಾಗಿ ಹೋಯಿತು, ಆಕೆಯ ಜೊತೆಯ ಗಂಡಸರದ್ದು ಯಾಕೆ ಉಳಿಯಿತು ಎಂಬ ಎರಡು ಪ್ರಶ್ನೆಗಳನ್ನು ಜೊತೆಗೇ ಕೇಳಿ. ಹುಡುಗಿಯರು ಉತ್ತರ ಹುಡುಕಿಕೊಳ್ಳುತ್ತಾರೆ.